ಕತ್ತಲೆ ಓಣಿಯ ಹೂಂ

ಬೆಳಿಗ್ಗೆ ನನ್ನ ಗಂಡ ಮೆಟ್ಟಿಲ ಮೇಲೆ ಜಾರಿ ಬಿದ್ದು ಎಡಗಾಲು ಹಿಡಿದುಕೊಂಡು ಕೂತ. ಅಯ್ಯೋ ಪಾಪ ಅನ್ನಬೇಕಾದ ಹೊತ್ತಿನಲ್ಲಿ ನನ್ನ ಬಾಯಿಂದ ಬಂದದ್ದೇ ಬೇರೆ.

"ಇವತ್ತೇ ಬೀಳ್ಬೇಕಿತ್ತಾ ನಿಂಗೆ?"

"ನಾಳೆ ಬೀಳೋಣ ಅಂತಿದ್ದೆ. ಮೆಟ್ಟಿಲು ಕೇಳ್ಲಿಲ್ಲ," ಎಂದ.

ನನ್ನ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ ಎಂದು ಮನೆಯವರೆಲ್ಲ ಹೇಳುತ್ತಾರೆ, ಸುಳ್ಳಲ್ಲ. ಆದರೆ ಅವತ್ತು ಕಾರಣವೂ ಇತ್ತು. ಸಂಜೆಯ ಕಥೆ ನಡಿಗೆಗೆ ಒಂದಿಪ್ಪತ್ತು ಜನ ಹೆಸರು ಕೊಟ್ಟಿದ್ದರು. ಅಷ್ಟು ದೊಡ್ಡ ಗುಂಪು ಸಿಕ್ಕಿ ತಿಂಗಳುಗಳೇ ಆಗಿದ್ದವು. ಬಾಲ ಇಲ್ಲದೆ ನಡಿಗೆ ಹೊರಡುವ ಹಾಗಿಲ್ಲ, ಮತ್ತು ನಮ್ಮ ಬಾಲ ಮಂಚದ ಮೇಲೆ ಉದ್ದಕ್ಕೆ ಬಿದ್ದುಕೊಂಡಿತ್ತು.

ಬಾಲ ಅಂದರೇನು ಎಂದು ಮೊದಲು ಹೇಳಿಬಿಡುತ್ತೇನೆ. ನಮ್ಮದು ಕೋಟೆಯೊಳಗಿನ ಹಳೇ ಊರು. ಇದನ್ನು ಕಟ್ಟಿಸಿದವರಿಗೆ ಗ್ರೀಕರ ಪುರಾಣದ ಹುಚ್ಚು ಎಷ್ಟಿತ್ತೆಂದರೆ, ಕಾರಂಜಿಯ ನೆತ್ತಿಯ ಮೇಲೆ ಸಮುದ್ರದ ದೇವರನ್ನು ನಿಲ್ಲಿಸಿದರು, ಗ್ರಂಥಾಲಯದ ಬಾಗಿಲ ಮೇಲೆ ಗೂಬೆ ಕೂರಿಸಿದರು, ಧಾನ್ಯದ ಉಗ್ರಾಣದ ಗೋಡೆಯಲ್ಲಿ ದಾಳಿಂಬೆ ಹಿಡಿದ ಹುಡುಗಿಯನ್ನು ಕೆತ್ತಿಸಿದರು. ಊರಿನ ಜನ ಅವುಗಳ ಕೆಳಗೆ ಸೈಕಲ್ಲು ನಿಲ್ಲಿಸಿ ತರಕಾರಿ ಕೊಂಡು ಮನೆಗೆ ಹೋಗುತ್ತಿದ್ದರೇ ಹೊರತು ತಲೆ ಎತ್ತಿ ನೋಡುತ್ತಿರಲಿಲ್ಲ. ನೋಡಿದವರು ನಮ್ಮಪ್ಪ. ನೋಡಿ ಸುಮ್ಮನಿರುವ ಆಸಾಮಿಯೂ ಅಲ್ಲ. ಹತ್ತಾರು ಜನರನ್ನು ಹಿಂದೆ ಕಟ್ಟಿಕೊಂಡು, ಒಂದೊಂದು ಕಲ್ಲಿನ ಮುಂದೆ ನಿಲ್ಲಿಸಿ ಅದರ ಕಥೆ ಹೇಳುತ್ತ ಊರು ಸುತ್ತಿಸಲು ಶುರುಮಾಡಿದರು. ನಾನು ಹುಟ್ಟುವ ಹೊತ್ತಿಗೆ ಅದೇ ನಮ್ಮ ಮನೆಯ ಕಸುಬಾಗಿತ್ತು.

ಈ ಕಸುಬಿಗೆ ಇಬ್ಬರು ಬೇಕು. ಮುಂದೆ ಕಥೆ ಹೇಳುವವರು, ಗುಂಪಿನ ಕೊನೆಯಲ್ಲಿ ಬಾಲ. ಯಾರೂ ಹಿಂದೆ ಉಳಿಯದಂತೆ, ಯಾರೂ ಐಸ್‌ಕ್ರೀಮ್ ಅಂಗಡಿಗೆ ನುಸುಳದಂತೆ ನೋಡಿಕೊಳ್ಳುವುದು ಬಾಲದ ಕೆಲಸ. ಆದರೆ ಅದಕ್ಕಿಂತ ದೊಡ್ಡ ಕೆಲಸ ಹೂಂಗುಟ್ಟುವುದು. ಅಪ್ಪನ ಪ್ರಕಾರ ಹೂಂಗುಟ್ಟುವವರಿಲ್ಲದೆ ಕಥೆ ಹೇಳುವುದೂ ಒಂದೇ, ಗೋಡೆಗೆ ಹೇಳುವುದೂ ಒಂದೇ. ನಾನು ಮುಂದೆ ನಿಂತು ಹೇಳಲು ಕಲಿತ ಮೇಲೆ ಅವರು ಎಷ್ಟೋ ಸಲ ನನಗೆ ಬಾಲವಾದರು. ಅವರ ಹೂಂ ಬೇರೆಯೇ. ಹೂಂ ಎಂದು ಮೆಲ್ಲಗೆ ಒತ್ತಿ, ಎಳೆದು, ಇನ್ನೂ ಎಳೆದು, ಕೊನೆಗೆ ದಾರಕ್ಕೆ ಕತ್ತರಿ ಹಾಕಿದ ಹಾಗೆ ತಟ್ಟನೆ ನಿಲ್ಲಿಸುತ್ತಿದ್ದರು. ಅದೂ ಪುಕ್ಕಟೆ ಸಿಗುತ್ತಿರಲಿಲ್ಲ. ಕಥೆ ಸಪ್ಪೆಯಾಯಿತೋ, ಹೂಂ ಇಲ್ಲ. ನಾನು ನಡುಬೀದಿಯಲ್ಲಿ ಬಾಯಿ ತೆರೆದು ಕಾಯಬೇಕು.

ಆ ಅಪ್ಪನ ಗಂಟಲಿಗೆ ಕಾಯಿಲೆ ಬಂತು. ಹೋದ ವರ್ಷ ಆಪರೇಷನ್ ಮಾಡಿ ಧ್ವನಿಪೆಟ್ಟಿಗೆಯನ್ನೇ ತೆಗೆದರು. ಜೀವ ಉಳಿಯಿತು, ದನಿ ಹೋಯಿತು. ಈಗ ಕತ್ತಿನಲ್ಲಿರುವ ಒಂದು ರಂಧ್ರದಿಂದ ಉಸಿರಾಡುತ್ತಾರೆ, ಅದರ ಮೇಲೆ ತೆಳುವಾದ ಬಟ್ಟೆ ಸುತ್ತಿಕೊಳ್ಳುತ್ತಾರೆ. ಮನೆಯವರ ಜೊತೆ ತುಟಿಯಲ್ಲಿ, ಕೈಯಲ್ಲಿ ಮಾತಾಡುತ್ತಾರೆ. ಹೊರಗಿನವರು ಬಂದರೆ ಅದೂ ಇಲ್ಲ, ಎದ್ದು ಒಳಗೆ ಹೋಗುತ್ತಾರೆ. ಬೀದಿಗೆ ಇಳಿದೇ ಇಲ್ಲ. ಊರಿನ ಒಂದೊಂದು ಕಲ್ಲನ್ನೂ ಮಾತಾಡಿಸಿದ ಮನುಷ್ಯ ಕಿಟಕಿಗೆ ಬೆನ್ನು ಹಾಕಿ ಕೂತಿರುವುದನ್ನು ನೋಡಿ ನೋಡಿ ನನಗೆ ಸಾಕಾಗಿತ್ತು. ಅಪ್ಪ ಮತ್ತೆ ನಡಿಗೆಗೆ ಬರಬೇಕು. ನನಗೆ ಬೇಕಾದದ್ದು ಅದೊಂದೇ. ಎಷ್ಟು ಸಲ ಕರೆದರೂ ಅವರು ಕೈಯಾಡಿಸಿ ಮುಖ ತಿರುಗಿಸುತ್ತಿದ್ದರು.

"ಅಪ್ಪನ್ನ ಕರ್ಕೊಂಡು ಹೋಗು," ಎಂದಳು ಅಮ್ಮ ಅಡುಗೆಮನೆಯಿಂದ, ಉಪ್ಪು ತಗೊಂಡು ಬಾ ಎನ್ನುವಷ್ಟು ಸಲೀಸಾಗಿ.

"ಬರಲ್ಲಮ್ಮ ಅವ್ರು."

"ಹಾಗಾದ್ರೆ ಆ ಇಪ್ಪತ್ತು ಜನಕ್ಕೆ ಫೋನ್ ಮಾಡಿ, ನಮ್ಮ ಅಳಿಯ ಮೆಟ್ಟಿಲು ಲೆಕ್ಕ ತಪ್ಪಿದ, ಮನೇಲೇ ಇರಿ ಅಂತ ಹೇಳು." ಆಮೇಲೆ ದನಿ ಎತ್ತಿದಳು, ಪಕ್ಕದ ಕೋಣೆಗೆ ಕೇಳಲಿ ಎಂದೇ. "ಇಷ್ಟು ವರ್ಷದಲ್ಲಿ ಒಂದು ದಿನ ನಡಿಗೆ ನಿಂತಿಲ್ಲ. ಇವತ್ತು ನಿಲ್ಲುತ್ತೆ. ನಿಲ್ಲಲಿ ಬಿಡು!"

ಪಕ್ಕದ ಕೋಣೆಯಲ್ಲಿ ಕುರ್ಚಿ ಸರಿದ ಸದ್ದಾಯಿತು. ಅಪ್ಪ ಬಾಗಿಲಲ್ಲಿ ಬಂದು ನಿಂತರು. ಮೊದಲು ಅಳಿಯನ ಕಾಲನ್ನು ನೋಡಿದರು, ಆಮೇಲೆ ಅಮ್ಮನನ್ನು, ಆಮೇಲೆ ನನ್ನನ್ನು. ಒಂದು ಬೆರಳೆತ್ತಿ, ಇವತ್ತು ಮಾತ್ರ ಎಂದರು. ಅದೇ ಬೆರಳನ್ನು ತುಟಿಯ ಮೇಲಿಟ್ಟು, ನಾನು ಯಾರು ಅಂತ ಯಾರಿಗೂ ಹೇಳಕೂಡದು ಎಂದರು.

ನನಗೆ ಕುಣಿಯಬೇಕು ಅನ್ನಿಸಿತು. ಕುಣಿಯಲಿಲ್ಲ. ಹಕ್ಕಿ ಬಂದು ಕಿಟಕಿಯಲ್ಲಿ ಕೂತಾಗ ಮಕ್ಕಳು ಹೇಗೆ ಉಸಿರು ಬಿಗಿಹಿಡಿಯುತ್ತಾರೋ ಹಾಗೆ ಮಧ್ಯಾಹ್ನದವರೆಗೂ ಮನೆಯಲ್ಲಿ ಕಾಲ್ಬೆರಳ ಮೇಲೆ ಓಡಾಡಿದೆ. ಊಟ ಮಾಡುತ್ತಲೇ ಒಂದು ತೀರ್ಮಾನಕ್ಕೂ ಬಂದೆ. ನಡಿಗೆಯ ಮಧ್ಯೆ ಒಂದು ಕಲ್ಲಿನ ಕಮಾನು ಬರುತ್ತದೆ, ಅದರ ಕೆಳಗೆ ನಿಂತು ಏನು ಕೂಗಿದರೂ ತಿರುಗಿ ಕೇಳಿಸುತ್ತದೆ. ಅಲ್ಲಿ ನಾವು ಹೇಳುವುದು ಎಕೋ ಎಂಬ ಹುಡುಗಿಯ ಕಥೆ, ಮಾತು ಕಳೆದುಕೊಂಡವಳ ಕಥೆ. ದನಿ ಹೋದ ಮನುಷ್ಯನನ್ನು ನಿಲ್ಲಿಸಿಕೊಂಡು ಅದನ್ನು ಹೇಳಲು ನನಗೇನು ಹುಚ್ಚೇ? ಇವತ್ತು ಕಮಾನಿನ ಕೆಳಗೆ ಬರೀ ಹಾದುಹೋಗುವುದು ಎಂದುಕೊಂಡೆ.

ಹೊರಡುವಾಗ ಗಂಡ ಬಲಗಾಲನ್ನು ದಿಂಬಿನ ಮೇಲಿಟ್ಟುಕೊಂಡು, "ಹುಷಾರು ಗಿರಗಿಟ್ಲೆ, ಗುಂಪು ಬಿಟ್ಟು ನೀನೇ ಮುಂದೆ ಓಡ್ಬೇಡ," ಎಂದು ನರಳಿದ. ಮಾತೂ ನಡೆಯೂ ಜೋರು ಎಂದು ಚಿಕ್ಕಂದಿನಲ್ಲಿ ಅಪ್ಪ ನನಗಿಟ್ಟ ಹೆಸರು ಅದು. ಅಪ್ಪನ ಮುಖದಲ್ಲಿ ಏನೋ ಸುಳಿದು ಹೋಯಿತು. ನನಗೆ ನೋಡುತ್ತ ನಿಲ್ಲಲು ಪುರಸೊತ್ತಿರಲಿಲ್ಲ.

ಕಾರಂಜಿಯ ಚೌಕದಲ್ಲಿ ಗುಂಪು ಆಗಲೇ ಸೇರಿತ್ತು. ಕ್ಯಾಮೆರಾದವರು, ಹೊಸದಾಗಿ ಮದುವೆಯಾದ ಒಂದು ಜೋಡಿ, ಯಾವುದೋ ಶಾಲೆಯ ಮೇಷ್ಟ್ರುಗಳ ಒಂದು ತಂಡ. ಎಲ್ಲರಿಗಿಂತ ಮುಂದೆ, ನನ್ನ ಮೂಗಿನ ಕೆಳಗೇ, ಒಬ್ಬ ಹಲ್ಲಿನ ಡಾಕ್ಟರು. ಅವರ ಕಸುಬು ನನಗೆ ಹೇಗೆ ಗೊತ್ತಾಯಿತೆಂದರೆ, ನಾನು ನಮಸ್ಕಾರ ಎಂದು ಬಾಯಿ ತೆರೆದ ಕೂಡಲೇ ಅವರು ಒಳಗೆ ಇಣುಕಿ, "ಎಡಗಡೆ ಹಿಂದಿನದು ಒಂದ್ಸಲ ತೋರಿಸ್ಕೊಳ್ಳಿ ಮೇಡಂ," ಎಂದರು. ಎಲ್ಲರಿಗಿಂತ ಹಿಂದೆ ಒಬ್ಬ ಅಜ್ಜಿ, ಕೈಯಲ್ಲಿ ಮಡಚಿದ ಕೊಡೆ, ಕಾಲಿಗೆ ಓಟದ ಶೂ. ಅಜ್ಜಿಯ ಹಿಂದೆ, ಯಾರೂ ಗಮನಿಸದಂತೆ ಗೋಡೆಗೆ ಒತ್ತಿಕೊಂಡು, ಅಪ್ಪ.

ಶುರುಮಾಡಿದೆ. ಏನು ಉಮೇದು ಅಂತೀರಿ ಆವತ್ತು! ಒಂದು ಊರಿಗಾಗಿ ಸಮುದ್ರದ ದೇವರು ಪೊಸೈಡನ್ ಮತ್ತು ಜ್ಞಾನದ ದೇವತೆ ಅಥೀನಾ ಜಗಳವಾಡಿದ್ದನ್ನು ಹೇಳುವಾಗ ನಾನು ಕಾರಂಜಿಯ ಕಟ್ಟೆ ಹತ್ತಿದ್ದೇ ನನಗೆ ಗೊತ್ತಾಗಲಿಲ್ಲ. ಅವನು ತ್ರಿಶೂಲದಿಂದ ಬಂಡೆ ಕುಕ್ಕಿದ, ನೀರು ಚಿಮ್ಮಿತು, ಜನ ಬೊಗಸೆ ಒಡ್ಡಿ ಕುಡಿದರೆ ಥೂ, ಉಪ್ಪು! ಅವಳು ಸುಮ್ಮನೆ ಒಂದು ಆಲಿವ್ ಸಸಿ ನೆಟ್ಟಳು, ಊರು ಅವಳದಾಯಿತು. ಗುಂಪು ನಕ್ಕಿತು. ಹಿಂದಿನಿಂದ ಹೂಂ ಬರುವ ಜಾಗದಲ್ಲಿ ನಾನು ಅಭ್ಯಾಸಬಲದಿಂದ ನಿಲ್ಲಿಸಿದೆ. ಬರಲಿಲ್ಲ. ಬರುವುದು ಹೇಗೆ? ಆದರೆ ಅಪ್ಪ ತಲೆಯಾಡಿಸಿದ್ದು ಕಂಡಿತು, ನನಗೆ ಅಷ್ಟೇ ಸಾಕಾಗಿತ್ತು.

ಉಗ್ರಾಣದ ಗೋಡೆಯ ಕೆಳಗೆ ಪರ್ಸೆಫನಿಯ ಕಥೆ. ಪಾತಾಳದ ರಾಜ ಹೇಡೀಸ್ ಹೊತ್ತೊಯ್ದ ಹುಡುಗಿ ಅಲ್ಲಿ ದಾಳಿಂಬೆಯ ಕಾಳು ತಿಂದುಬಿಟ್ಟಳು, ತಿಂದ ತಪ್ಪಿಗೆ ವರ್ಷಕ್ಕೊಮ್ಮೆ ಅಲ್ಲಿಗೇ ಹಿಂತಿರುಗಬೇಕಾಯಿತು.

"ಬೀಜ ನುಂಗಿದಳೋ ಅಗಿದಳೋ?" ಎಂದರು ಡಾಕ್ಟರು.

"ಅಗಿದಳು ಡಾಕ್ಟ್ರೇ, ಹಲ್ಲು ಗಟ್ಟಿ ಇತ್ತು," ಎಂದೆ.

ಗುಂಪು ಮತ್ತೆ ನಕ್ಕಿತು, ಅಪ್ಪನ ಭುಜಗಳೂ ಅಲ್ಲಾಡಿದವು. ನೋಡಿದೆ, ಕಣ್ಣಾರೆ ನೋಡಿದೆ. ಒಂದು ವರ್ಷದಿಂದ ನಗದ ಮನುಷ್ಯ ನಕ್ಕರು! ನನ್ನ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಮುಂದಿನ ಬೀದಿಗೆ ನಡೆದೆನೋ ಹಾರಿದೆನೋ ಗೊತ್ತಿಲ್ಲ.

ಅದೇ ಉಮೇದಿನಲ್ಲಿ ಕಮಾನಿನ ಕೆಳಗೆ ದಾಪುಗಾಲು ಹಾಕಿ, "ಬನ್ನಿ ಬನ್ನಿ, ಹೊತ್ತಾಗುತ್ತೆ," ಎಂದು ಗುಂಪನ್ನು ದಾಟಿಸುತ್ತಿದ್ದೆ. ಅಜ್ಜಿ ನಡುವೆ ನಿಂತುಬಿಟ್ಟರು.

"ಏ ಮಗಳೇ, ಇಲ್ಲೊಂದು ಕಥೆ ಇತ್ತಲ್ಲ?"

"ಇಲ್ಲಿ ಯಾವ ಕಥೆನೂ ಇಲ್ಲಜ್ಜಿ. ಬರೀ ಕಮಾನು."

"ಇತ್ತು. ನಮ್ಮೆಜಮಾನರು ಇದ್ದಾಗ ನಾವಿಬ್ರೂ ಬಂದಿದ್ವಿ. ಆಗ ಒಬ್ರು ಹೇಳೋರು, ಏನು ದನಿ ಅಂತೀಯ, ಕಂಚಿನ ಗಂಟೆ! ಇದೇ ಜಾಗದಲ್ಲಿ ನಿಂತು ಕೂಗಿದ್ರು, ನಂಗೆ ಮೈಯೆಲ್ಲ ಜುಂ ಅಂದಿತ್ತು. ಅವ್ರ ದನಿ ಇನ್ನೊಂದ್ಸಲ ಕೇಳೋಣ ಅಂತಲೇ ಬಂದೆ. ಎಲ್ಲಿ ಅವ್ರು? ಹೋಗ್ಬಿಟ್ರಾ?"

ಹೋಗಿಬಿಟ್ಟವರು ಅಜ್ಜಿಯ ಬೆನ್ನ ಹಿಂದೆ ಒಂದು ಮೊಳ ದೂರದಲ್ಲಿ ನಿಂತಿದ್ದರು. ಹೌದು ಅನ್ನಲೇ, ಇಲ್ಲ ಅನ್ನಲೇ? ಯಾರಿಗೂ ಹೇಳಕೂಡದು ಎಂದು ಮಾತು ಕೊಟ್ಟಿದ್ದೇನೆ.

"ಅವ್ರು ಬಿಟ್ಟುಬಿಟ್ರು ಅಜ್ಜಿ," ಎಂದೆ. "ಆ ಕಥೆನೂ ಈಗ ಹೇಳಲ್ಲ. ಯಾರಿಗೂ ಅಷ್ಟು ಇಷ್ಟ ಆಗ್ತಿರ್ಲಿಲ್ಲ, ತೆಗೆದುಬಿಟ್ವಿ."

ಮಾತು ಆಡಿದರೆ ಹೋಯಿತು ಎನ್ನುವುದು ಸುಮ್ಮನೆಯೇ? ಹೇಳಿದ ಮರುಗಳಿಗೆ ಅಪ್ಪನ ಮುಖ ನೋಡಿ ನಾಲಿಗೆ ಕಚ್ಚಿಕೊಂಡೆ. ದನಿ ಹೋಯಿತು ಎಂದಿದ್ದರೂ ಅವರು ಸಹಿಸುತ್ತಿದ್ದರೇನೋ. ಅವರ ಕಥೆ ಯಾರಿಗೂ ಇಷ್ಟವಿರಲಿಲ್ಲ ಎಂದುಬಿಟ್ಟೆನಲ್ಲ! ನೋಯಿಸಬಾರದು ಎಂದು ಹೊರಟವಳು ಚುಚ್ಚಬಾರದ ಜಾಗಕ್ಕೇ ಚುಚ್ಚಿದ್ದೆ.

ಅಪ್ಪ ಗೋಡೆ ಬಿಟ್ಟು ಬಂದರು. ಗುಂಪನ್ನು ಸೀಳಿಕೊಂಡು ಕಮಾನಿನ ನಟ್ಟನಡುವೆ ನಿಂತರು. ಎರಡೂ ಕೈ ಎತ್ತಿ ಒಂದೇ ಒಂದು ಚಪ್ಪಾಳೆ ತಟ್ಟಿದರು.

ಠಪ್! ಕಲ್ಲು ಅದನ್ನು ಎತ್ತಿಕೊಂಡು ಠಪ್, ಠಪ್, ಠಪ್ ಎಂದು ಮೇಲೆ ಕೆಳಗೆ ಎಸೆದಾಡಿತು. ಮೂಲೆಯ ಪಾರಿವಾಳಗಳು ಭರ್ರನೆ ಎದ್ದವು. ಇಡೀ ಗುಂಪು ಅಪ್ಪನನ್ನು ನೋಡಿತು. ಅಪ್ಪ ನನ್ನತ್ತ ಬೆರಳು ತೋರಿಸಿ, ಆ ಬೆರಳನ್ನು ನೆಲಕ್ಕೆ ಇಳಿಸಿದರು. ಇಲ್ಲೇ. ಈಗಲೇ. ಹೇಳು.

ಹೇಳಿದೆ. ಹೇಳದೆ ಇರಲು ಎಷ್ಟು ಧೈರ್ಯ ಬೇಕೋ ಅಷ್ಟು ನನ್ನಲ್ಲಿರಲಿಲ್ಲ. ಎಕೋ ಎಂಬ ವನದೇವತೆ ಇದ್ದಳು, ಮಹಾ ಬಾಯಿಬಡುಕಿ. ದೇವರಾಜ ಜ್ಯೂಸ್ ಕಾಡಿನ ಹುಡುಗಿಯರ ಜೊತೆ ಸರಸವಾಡುವಾಗ, ಅವನನ್ನು ಹುಡುಕಿ ಬಂದ ಹೆಂಡತಿ ಹೀರಾಳನ್ನು ಇವಳು ಮಾತಿನಲ್ಲಿ ಕಟ್ಟಿಹಾಕುತ್ತಿದ್ದಳು. ನಾನು ಅಷ್ಟು ಹೇಳುವಷ್ಟರಲ್ಲಿ ಗುಂಪು ಘೊಳ್ಳೆಂದಿತು. ತಿರುಗಿದೆ. ಅಪ್ಪ ಒಂದು ಕೈಯ ಬೆರಳುಗಳನ್ನು ಹಕ್ಕಿಯ ಕೊಕ್ಕಿನಂತೆ ಪಟಪಟ ಬಡಿಯುತ್ತ, ಇನ್ನೊಂದು ಕೈಯಲ್ಲಿ ಕಾಣದ ಹೀರಾಳ ಸೆರಗು ಹಿಡಿದು ಎಳೆಯುತ್ತಿದ್ದರು. ಅವರೇ ಎಕೋ! ಮೀಸೆಯಿದ್ದ ಎಕೋ!

ನನಗೆ ನಗುವೂ ಅಳುವೂ ಒಟ್ಟಿಗೆ ನುಗ್ಗಿತು. ಹೇಳುತ್ತ ಹೋದೆ. ಹೀರಾ ಶಾಪ ಕೊಟ್ಟಳು: ಇಷ್ಟು ಆಡಿದ ನಾಲಿಗೆಗೆ ಇನ್ನು ಮೇಲೆ ಸ್ವಂತ ಮಾತಿಲ್ಲ, ಬೇರೆಯವರ ಕೊನೆಯ ಮಾತಷ್ಟೇ ನಿನ್ನದು. ಅಪ್ಪನ ಕೊಕ್ಕು ಗಾಳಿಯಲ್ಲಿ ನಿಂತಿತು. ಮೆಲ್ಲಗೆ ಮುಚ್ಚಿತು. ಎಕೋ ನಾರ್ಸಿಸಸ್ ಎಂಬ ಚೆಲುವನಿಗೆ ಮನಸೋತಳು, ಹೇಳಿಕೊಳ್ಳಲು ಒಂದು ಮಾತೂ ಇರಲಿಲ್ಲ, ಕೊರಗಿ ಕೊರಗಿ ಮೈ ಕರಗಿ, ಕಲ್ಲುಗಳ ನಡುವೆ ಬರೀ ದನಿಯಾಗಿ ಉಳಿದಳು. ಅಪ್ಪ ಕಂಬಕ್ಕೆ ಒರಗಿ ಕೈಗಳನ್ನು ಎರಡೂ ಕಡೆ ಇಳಿಬಿಟ್ಟರು.

ಆಗ ಅಜ್ಜಿ ಕೂಗಿದರು. "ಅಯ್ಯೋ, ಇವ್ರೇ ಅಲ್ವೇನೇ! ಇವ್ರೇ ಕಣೇ! ಏನ್ ಸ್ವಾಮಿ, ಇಲ್ಲೇ ಇದ್ದೀರಲ್ಲ! ಒಂದ್ಸಲ ಕೂಗಿ ಸ್ವಾಮಿ, ಆವತ್ತಿನ ಥರ!"

ಅಪ್ಪ ಕತ್ತಿನ ಬಟ್ಟೆಯ ಅಂಚನ್ನು ಒಂದು ಬೆರಳಿನಿಂದ ಕೆಳಗೆ ಎಳೆದು ತೋರಿಸಿದರು, ಮತ್ತೆ ಮುಚ್ಚಿಕೊಂಡರು. ಅಜ್ಜಿಯ ಬಾಯಿ ತೆರೆದದ್ದು ತೆರೆದೇ ಉಳಿಯಿತು. ಹೊಸ ಮದುವೆಯ ಹುಡುಗಿ ಗಂಡನ ತೋಳು ಹಿಡಿದುಕೊಂಡಳು. ಅಯ್ಯೋ ಪಾಪ ಎಂದು ಯಾರೋ ಅಂದರು, ಅದನ್ನೂ ಕಮಾನು ಬಿಡಲಿಲ್ಲ. ಪಾಪ, ಪಾಪ, ಪಾಪ ಎಂದು ಸುತ್ತಲೂ ಹೇಳಿತು.

ಅಪ್ಪನ ಮುಖ ಬಾಡಿದ್ದನ್ನು ನಾನು ಕಂಡೆ. ಒಂದು ವರ್ಷದಿಂದ ಅವರು ತಪ್ಪಿಸಿಕೊಂಡು ಕೂತದ್ದು ಇದೇ ಮಾತಿನಿಂದ. ಯಾರ ಕಣ್ಣನ್ನೂ ನೋಡದೆ ನಡೆದು ಗುಂಪಿನ ಕೊನೆಗೆ ಹೋಗಿ ನಿಂತರು.

ಕಮಾನಿನಾಚೆ ಕತ್ತಲೆ ಓಣಿ. ಎರಡೂ ಕಡೆಯ ಮನೆಗಳು ಮೇಲೆ ಕೂಡಿಕೊಂಡು ಹಾಡುಹಗಲಲ್ಲೂ ಒಳಗೆ ಬೆಳಕಿಲ್ಲದ, ಬಳಸಿ ಬಳಸಿ ನದಿಯ ಮೆಟ್ಟಿಲಿಗೆ ತೆರೆದುಕೊಳ್ಳುವ ಓಣಿ. ಅದರ ಬಾಯಲ್ಲೇ ಎಡಕ್ಕೆ ಒಂದು ಸಂದಿ ಇದೆ. ಆ ಸಂದಿ ನೇರ ನಮ್ಮ ಮನೆಗೆ ಹೋಗುತ್ತದೆ. ಅಪ್ಪ ಆ ಸಂದಿಯನ್ನೇ ನೋಡುತ್ತಿದ್ದರು.

ಇಲ್ಲಿ ಹೇಳುವುದು ಆರ್ಫಿಯಸ್‌ನ ಕಥೆ. ಸತ್ತ ಹೆಂಡತಿ ಯೂರಿಡಿಸಿಯನ್ನು ಕರೆತರಲು ಪಾತಾಳಕ್ಕಿಳಿದ ಹಾಡುಗಾರ. ಕರೆದುಕೊಂಡು ಹೋಗು, ಆದರೆ ಬೆಳಕಿಗೆ ಬರುವವರೆಗೆ ತಿರುಗಿ ನೋಡಕೂಡದು ಎಂದು ಹೇಡೀಸ್ ಷರತ್ತು ಹಾಕಿದ. ಅಪ್ಪ ಕಟ್ಟಿದ ನಿಯಮವೂ ಅದೇ. ಹೇಳುವವರು ಮುಂದೆ ನಡೆಯಬೇಕು. ಅವರ ಭುಜದ ಮೇಲೆ ಹಿಂದಿನವರ ಕೈ, ಆ ಹಿಂದಿನವರ ಭುಜದ ಮೇಲೆ ಅವರ ಹಿಂದಿನವರ ಕೈ, ಹೀಗೆ ಬಾಲದವರೆಗೆ. ಹೇಳುವವರನ್ನು ಬಿಟ್ಟು ಯಾರೂ ಮಾತಾಡಬಾರದು. ಹೇಳುವವರು ಏನೇ ಆದರೂ ತಿರುಗಬಾರದು. ನಡುನಡುವೆ ನಿಂತಾಗ ಕತ್ತಲೆಯ ಕೊನೆಯಿಂದ ಬಾಲದ ಹೂಂ ಬರುತ್ತದೆ, ಅದರಿಂದಲೇ ಎಲ್ಲರೂ ಇದ್ದಾರೆಂದು ತಿಳಿಯಬೇಕು. ಇಷ್ಟು ವರ್ಷದಲ್ಲಿ ಅಪ್ಪ ಒಂದು ಸಲವೂ ತಿರುಗಿದವರಲ್ಲ.

ಇವತ್ತು ಹೂಂ ಇಲ್ಲ. ಹಿಂದೆ ಅಪ್ಪ ಇದ್ದಾರೋ, ಸಂದಿ ಹಿಡಿದು ಮನೆಗೆ ಹೋದರೋ, ತಿಳಿಯುವ ದಾರಿಯೂ ಇಲ್ಲ. ಹೋದರೆ ಇನ್ನು ಬೀದಿಗೆ ಬರುವುದಿಲ್ಲ ಎಂಬುದು ಮಾತ್ರ ನನಗೆ ಚೆನ್ನಾಗಿ ಗೊತ್ತಿತ್ತು. ಓಡಿ ಹೋಗಿ ಕೈ ಹಿಡಿದು ಎಳೆದುಕೊಳ್ಳೋಣ ಅನ್ನಿಸಿತು. ಆದರೆ ಗುಂಪು ಕಾಯುತ್ತಿತ್ತು. ಡಾಕ್ಟರು ನನ್ನ ಭುಜದ ಮೇಲೆ ಕೈಯಿಟ್ಟರು. ನಾನು ಮುಖ ಕತ್ತಲೆಗೆ ತಿರುಗಿಸಿ ಕಾಲಿಟ್ಟೆ.

ಮೊದಲ ತಿರುವಿನವರೆಗೆ ಏನು ಹೇಳಿದೆನೋ ನನಗೇ ತಿಳಿಯದು. ಅವಳಿಗೆ ಹಾವು ಕಚ್ಚಿತು, ಸತ್ತಳು, ಇವನು ಹೋದ, ಕೇಳಿದ, ಅವರು ಆಯಿತು ಎಂದರು. ಸಂತೆಯ ಚೀಟಿ ಓದಿದ ಹಾಗೆ ಓದಿ, ನಿಂತೆ. ಇಲ್ಲಿ ಹೂಂ ಬರಬೇಕು. ಎಲ್ಲೋ ನೀರು ತೊಟ್ಟಿಕ್ಕುತ್ತಿತ್ತು. ಇಪ್ಪತ್ತು ಜನರ ಉಸಿರು ಕೇಳುತ್ತಿತ್ತು. ಬೇರೆ ಏನೂ ಇಲ್ಲ.

ಹೋದರು ಎಂದುಕೊಂಡೆ. ಹೋಗೇಬಿಟ್ಟರು.

ಕತ್ತು ತಾನಾಗಿಯೇ ಹಿಂದಕ್ಕೆ ಹೊರಳಲು ಹೊರಟಿತು. ಹಲ್ಲು ಕಚ್ಚಿ ತಡೆದೆ. ಆರ್ಫಿಯಸ್ ಯಾಕೆ ತಿರುಗಿದನೋ ಎಂದು ನೂರಾರು ಸಲ ಜನರನ್ನು ಕೇಳಿದ್ದೇನೆ, ನನಗೆ ಅದು ಅರ್ಥವಾದದ್ದು ಆವತ್ತು. ಪ್ರೀತಿಯಿಂದಲ್ಲ, ಭಯದಿಂದ. ಅದನ್ನೇ ಹೇಳತೊಡಗಿದೆ. ಹಿಂದೆ ಹೆಜ್ಜೆಯ ಸದ್ದಿಲ್ಲ. ಸತ್ತವರ ಕಾಲಿಗೆ ಸದ್ದಿರುವುದಿಲ್ಲ. ಅವಳು ಬರುತ್ತಿದ್ದಾಳೋ? ನನ್ನನ್ನು ನಂಬಿ ಬಂದಳೋ, ನನ್ನ ಮೇಲೆ ಬೇಸರವಾಗಿ ಅಲ್ಲೇ ಉಳಿದಳೋ? ನಾನು ಏನಾದರೂ ಆಡಬಾರದ್ದು ಆಡಿದೆನೋ? ಈಗ ನನ್ನ ಮಾತಿಗೆ ಜೀವ ಬರುತ್ತಿತ್ತು, ಆರ್ಫಿಯಸ್ ಯಾರು ನಾನು ಯಾರು ಎಂಬುದೇ ಕಲಸಿಹೋಗಿತ್ತು.

ಅಷ್ಟರಲ್ಲಿ ಹಿಂದೆ ಪಿಸುಪಿಸು. ದಾಟಿಸಿ, ದಾಟಿಸಿ ಎಂದು ಯಾರೋ ಯಾರಿಗೋ ಹೇಳುತ್ತಿದ್ದರು. ಮಾತಾಡಬಾರದು ಎಂದು ಅಷ್ಟು ಹೇಳಿದ್ದೇನೆ! ಸಿಟ್ಟು ನೆತ್ತಿಗೇರಿತು. ಎರಡನೇ ತಿರುವಿನಲ್ಲಿ ನಿಂತೆ. ನಿಂತ ಕೂಡಲೇ ಡಾಕ್ಟರ ಕೈ ನನ್ನ ಭುಜವನ್ನು ಒತ್ತಿತು. ಸುಮ್ಮನೆ ತಗುಲಿದ್ದಲ್ಲ, ಗಟ್ಟಿಯಾಗಿ ಒತ್ತಿ ಹಿಡಿದುಕೊಂಡಿತು.

"ಡಾಕ್ಟ್ರೇ, ಕೈ!" ಎಂದು ತಿರುಗದೆಯೇ ಹಲ್ಲುಮುಡಿ ಕಚ್ಚಿ ಗದರಿದೆ. "ಏನ್ರೀ ಇದು? ವಯಸ್ಸಿಗೆ ಮರ್ಯಾದೆ ಬೇಡ್ವಾ?"

ಕೈ ತಟ್ಟನೆ ಬಿಟ್ಟಿತು. "ಅಯ್ಯೋ ನಾನಲ್ಲ ಮೇಡಂ!" ಎಂದು ಡಾಕ್ಟರು ಅಳುವ ದನಿಯಲ್ಲಿ ಪಿಸುಗುಟ್ಟಿದರು. "ಹಿಂದಿನಿಂದ ಬಂತು! ಒತ್ತಿ, ಹಿಡಿದು, ತಟ್ಟನೆ ಬಿಡ್ಬೇಕಂತೆ. ಹಾಗೇ ಮುಂದೆ ದಾಟಿಸ್ಬೇಕಂತೆ. ಕೊನೆಯಿಂದ ಬಂದಿದೆ, ನನ್ನ ತಪ್ಪಿಲ್ಲ!"

ಮೆಲ್ಲಗೆ ಒತ್ತಿ. ಎಳೆದು ಹಿಡಿದು. ದಾರಕ್ಕೆ ಕತ್ತರಿ ಹಾಕಿದ ಹಾಗೆ ತಟ್ಟನೆ.

ಅದು ಅಪ್ಪನ ಹೂಂ! ಕಿವಿಗೆ ಬರುವುದು ಭುಜಕ್ಕೆ ಬಂದಿತ್ತು. ಅಪ್ಪ ಅಜ್ಜಿಯ ಭುಜ ಒತ್ತಿದ್ದರು, ಅಜ್ಜಿ ಮುಂದಿನವರದ್ದು, ಅವರು ಅವರ ಮುಂದಿನವರದ್ದು, ಹೊಸ ಮದುವೆಯವರು, ಮೇಷ್ಟ್ರುಗಳು, ಕ್ಯಾಮೆರಾದವರು, ಅಷ್ಟೂ ಕೈಗಳನ್ನು ದಾಟಿ ಕತ್ತಲೆಯಲ್ಲಿ ನನ್ನ ಹತ್ತಿರ ಬಂದು ಮುಟ್ಟಿತ್ತು. ಇದ್ದಾರೆ. ಹೋಗಿಲ್ಲ. ಇದ್ದಾರೆ!

ಆಮೇಲೆ ಹೇಳಿದಂಥ ಕಥೆಯನ್ನು ನಾನು ನನ್ನ ಜೀವಮಾನದಲ್ಲೇ ಹೇಳಿದ್ದಿಲ್ಲ. ಓಣಿಯ ಕೊನೆಯ ಬೆಳಕು ಕೂದಲೆಳೆಯಷ್ಟು ಕಂಡಿತು, ಬೆರಳಷ್ಟಾಯಿತು, ಬಾಗಿಲಷ್ಟಾಯಿತು. ಆರ್ಫಿಯಸ್ ಕೊನೆಯ ಹೆಜ್ಜೆಯಲ್ಲಿ ತಾಳ್ಮೆಗೆಟ್ಟ, ತಿರುಗಿದ, ಅವಳು ಹೊಗೆಯ ಹಾಗೆ ಜಾರಿದಳು. ಅವನ ಕೈಯಲ್ಲಿ ಗಾಳಿ ಉಳಿಯಿತು ಎಂದು ನಿಲ್ಲಿಸಿದೆ. ಭುಜದ ಮೇಲೆ ಹೂಂ ಬಂತು. ಈ ಸಲ ಡಾಕ್ಟರು ಬಹಳ ಮರ್ಯಾದೆಯಿಂದ ಎರಡೇ ಬೆರಳಲ್ಲಿ ಒತ್ತಿದರು.

ನದಿಯ ಮೆಟ್ಟಿಲ ಮೇಲೆ ಸಂಜೆ ಬಿಸಿಲು. ಒಬ್ಬೊಬ್ಬರಾಗಿ ಬೆಳಕಿಗೆ ಬಂದು ಕಣ್ಣು ಕಿರಿದುಮಾಡಿದರು. ನಾನು ನೀರನ್ನೇ ನೋಡುತ್ತ, ಕೊನೆಯ ಹೆಜ್ಜೆಯ ಸದ್ದು ನಿಲ್ಲುವವರೆಗೆ ಕಾದೆ. ಆಮೇಲೆ ತಿರುಗಿದೆ. ಅಜ್ಜಿ ಕೊಡೆಯನ್ನು ಕಂಕುಳಲ್ಲಿ ಒತ್ತಿಕೊಂಡು ಎರಡೂ ಕೈಯಿಂದ ಕಣ್ಣೊರೆಸಿಕೊಳ್ಳುತ್ತಿದ್ದರು. ಅವರ ಹಿಂದೆ, ಓಣಿಯ ಬಾಯಲ್ಲಿ, ಅಪ್ಪ.

ಓಡಿಹೋಗಿ ತಬ್ಬಿಕೊಳ್ಳಬೇಕೆಂದಿದ್ದೆ. ಅವರು ಬಿಟ್ಟರೆ ತಾನೇ! ದಾಪುಗಾಲು ಹಾಕಿ ನನ್ನ ಮುಂದೆ ಬಂದು, ಜನರೆಲ್ಲ ನೋಡುತ್ತಿರುವಂತೆಯೇ ಕೈ ಬೀಸಿ ಬೀಸಿ ಬೈಯತೊಡಗಿದರು. ಮೊದಲ ತಿರುವಿನವರೆಗೆ ನೀನು ಹೇಳಿದ್ದು ಕಥೆಯಾ ಅದು? ಮೂಗು ಮುರಿದು, ಅಂಗೈ ತಿರುಗಿಸಿ ಸಪ್ಪೆ, ಸಪ್ಪೆ ಎಂದರು. ಅದಕ್ಕೇ ಹೂಂ ಕೊಡಲಿಲ್ಲ!

ನಾನು ಅಲ್ಲಿ ಪ್ರಾಣ ಬಿಡುತ್ತಿದ್ದರೆ ಈ ಮನುಷ್ಯ ಹಿಂದೆ ನಿಂತು ಅಂಕ ಕೊಡುತ್ತಿದ್ದರು!

"ಹೋಗ್ಬಿಟ್ರಿ ಅಂದ್ಕೊಂಡೆ ಅಪ್ಪಾ," ಎಂದೆ. ಕಣ್ಣಲ್ಲಿ ನೀರು ಬಂದೇಬಿಟ್ಟಿತ್ತು. "ಆ ಸಂದಿ ನೋಡ್ತಿದ್ರಲ್ಲ!"

ಅಪ್ಪ ಬೀಸುತ್ತಿದ್ದ ಕೈ ಇಳಿಸಿದರು. ಹೌದು, ಹೋಗಬೇಕು ಅನ್ನಿಸಿತು ಎಂದು ತುಟಿಯಲ್ಲೇ ಹೇಳಿದರು. ಹೊರಗಿನವರ ಎದುರು ಅವರ ತುಟಿ ಅಲ್ಲಾಡಿದ್ದು ಅದೇ ಮೊದಲು. ಆಮೇಲೆ ಅಜ್ಜಿಯ ಕಡೆ ಕೈ ತೋರಿಸಿದರು.

"ನಾನೇ ಬಿಡ್ಲಿಲ್ಲ," ಎಂದರು ಅಜ್ಜಿ ಮೂಗು ಸೇದುತ್ತ. "ಕೈ ಹಿಡ್ಕೊಂಡು ನನ್ನ ಭುಜದ ಮೇಲೆ ಇಟ್ಕೊಂಡೆ. ಅಷ್ಟು ದೂರದಿಂದ ಬಂದಿದ್ದೀನಿ, ದನಿ ಇಲ್ದಿದ್ರೆ ಬೇಡ, ಮನುಷ್ಯ ಇದ್ದಾರಲ್ಲ ಅಂದೆ. ಆಮೇಲೆ ಅವ್ರು ನನ್ನ ಭುಜ ಒತ್ತಿ, ನನ್ನ ಕೈನ ಮುಂದಿನವ್ರ ಭುಜದ ಮೇಲೆ ಹಾಗೇ ಒತ್ತಿಸಿದ್ರು, ದಾಟಿಸು ಅಂತಿದ್ದಾರೆ ಅಂತ ನಂಗೆ ಗೊತ್ತಾಯ್ತು."

ಅಪ್ಪನ ಬೈಗುಳ ಇನ್ನೂ ಮುಗಿದಿರಲಿಲ್ಲ. ತಮ್ಮ ಎಡಗಾಲು ಮುಟ್ಟಿ ಬೆಳಿಗ್ಗೆ ಎಂದರು, ಬಲಗಾಲು ಮುಟ್ಟಿ ಮಧ್ಯಾಹ್ನ ಎಂದರು. ನನಗೆ ಅರ್ಥವಾಗಲು ಸ್ವಲ್ಪ ಹೊತ್ತು ಹಿಡಿಯಿತು. ಆಮೇಲೆ ಗಂಡನ ದಿಂಬು ಕಣ್ಣಮುಂದೆ ಬಂತು. ಅಡುಗೆಮನೆಯಿಂದ ಅಷ್ಟು ಸಲೀಸಾಗಿ ಬಂದ ಅಮ್ಮನ ಮಾತೂ ನೆನಪಾಯಿತು. ಅತ್ತೆ ಅಳಿಯ ಇಬ್ಬರೂ ಸೇರಿ ಹೂಡಿದ ನಾಟಕ! ಅಪ್ಪನಿಗೆ ಹೊರಡುವ ಮೊದಲೇ ಅದು ಗೊತ್ತಿತ್ತು. ಗೊತ್ತಿದ್ದೂ ಚಪ್ಪಲಿ ಮೆಟ್ಟಿ ಬಂದಿದ್ದರು.

"ಮನೆಗೆ ಹೋಗಿ ಇನ್ನೊಂದು ಕಾಲನ್ನ ನಾನೇ ಉಳುಕಿಸ್ತೀನಿ," ಎಂದೆ. ಅಪ್ಪನ ಭುಜಗಳು ಅಲ್ಲಾಡಿದವು.

ಅಷ್ಟಕ್ಕೂ ಬಿಡಲಿಲ್ಲ. ನನ್ನನ್ನು ಪಕ್ಕಕ್ಕೆ ಸರಿಸಿ, ಮೆಟ್ಟಿಲ ಮೇಲೆ ಜಾಗ ಮಾಡಿಕೊಂಡು, ಗುಂಪಿನ ಕಡೆ ತಿರುಗಿ ನಿಂತರು. ನಾನು ಓಣಿಯಲ್ಲಿ ನುಂಗಿಹಾಕಿದ್ದು ಯಾವುದೆಂದು ಆಗ ಹೊಳೆಯಿತು. ಆರ್ಫಿಯಸ್ ಪಾತಾಳದಲ್ಲಿ ಹಾಡಿದ್ದನ್ನೇ ನಾನು ಹೇಳಿರಲಿಲ್ಲ. ಅಪ್ಪ ಬಗ್ಗಿ, ಕಾಣದ ಒಂದು ಬಂಡೆಗೆ ಹೆಗಲು ಕೊಟ್ಟು ಬೆಟ್ಟದ ಮೇಲಕ್ಕೆ ತಳ್ಳತೊಡಗಿದರು. ಕತ್ತಿನ ನರ ಉಬ್ಬಿತು, ಕಾಲು ಜಾರಿತು, ಬಂಡೆ ಉರುಳಿ ಬಂತು, ಮತ್ತೆ ತಳ್ಳಿದರು. ಪಾತಾಳದಲ್ಲಿ ಎಂದೆಂದಿಗೂ ಬಂಡೆ ತಳ್ಳುವ ಶಿಕ್ಷೆಯಲ್ಲಿರುವ ಸಿಸಿಫಸ್. ತಳ್ಳುತ್ತ ತಳ್ಳುತ್ತ ತಟ್ಟನೆ ನಿಂತರು. ಕಿವಿ ನಿಮಿರಿತು. ಎಲ್ಲಿಂದಲೋ ಹಾಡು ಕೇಳಿಸುತ್ತಿದೆ. ಅಪ್ಪ ಮೆಲ್ಲಗೆ ತಿರುಗಿ, ಅದೇ ಬಂಡೆಯ ಮೇಲೆ ಕುಳಿತು, ಗಲ್ಲಕ್ಕೆ ಕೈಯಿಟ್ಟು, ಕಣ್ಣು ಮುಚ್ಚಿ ಕೇಳತೊಡಗಿದರು. ಡಾಕ್ಟರ ಬಾಯಿ ಅರ್ಧ ತೆರೆದು ಹಾಗೇ ಇತ್ತು. ಹೊಸ ಮದುವೆಯ ಹುಡುಗಿ ನಿಂತಲ್ಲೇ ಕೂತಳು, ಅವಳ ಹಿಂದೆ ಒಬ್ಬೊಬ್ಬರಾಗಿ ಎಲ್ಲರೂ ಮೆಟ್ಟಿಲ ಮೇಲೆ ಕೂತರು.

ಅಪ್ಪ ಒಂದು ಕಣ್ಣು ತೆರೆದು ಗುಂಪಿನ ಕೊನೆಯತ್ತ ನೋಡಿದರು. ಬಾಲದ ಜಾಗ ಖಾಲಿಯಿತ್ತು. ನಾನು ಓಡಿಹೋಗಿ ಅಲ್ಲಿ ನಿಂತು, ಇದ್ದ ಉಸಿರನ್ನೆಲ್ಲ ಕೂಡಿಸಿ, "ಹೂಂ" ಎಂದು ಎಳೆದು, ತಟ್ಟನೆ ನಿಲ್ಲಿಸಿದೆ. ಅಪ್ಪ ಬಂಡೆಯಿಂದ ಎದ್ದು ಕಥೆ ಮುಂದುವರಿಸಿದರು.